ಅರ್ಜಿಯ ತಪ್ಪಿಗೆ ಹೈಕೋರ್ಟಿನ ಮೆಟ್ಟಿಲು



ಚೆನ್ನೈನ ಫೋರ್ಟ್ ರೈಲು ನಿಲ್ದಾಣದ ಎದುರಿಗೇ ತಮಿಳುನಾಡು ಲೋಕಸೇವಾ ಆಯೋಗದ ಕಚೇರಿ ಇದೆ. ಟಿಎನ್‌ಪಿಎಸ್‌ಸಿ ಎಂದರೆ ಇಲ್ಲಿ ಗೊತ್ತಿಲ್ಲದವರಿಲ್ಲ. ಆ ರಸ್ತೆಗೇ ಅದರ ಹೆಸರು ಬಂದಿದೆ. ಅಲ್ಲಿಂದ ನಡೆದೇ ಹೋಗಬಹುದಾದ ದೂರದಲ್ಲಿ ಪ್ಯಾರೀಸ್ ಕಾರ್ನರ್, ಅಲ್ಲಿ 1892ರಲ್ಲಿ ಕಟ್ಟಿ ಮುಗಿಸಿದ ಮದ್ರಾಸ್ ಹೈಕೋರ್ಟಿನ ಕೆಂಪು ಕಟ್ಟಡ. ಈ ಎರಡು ಕಟ್ಟಡಗಳ ನಡುವೆ ಫೈಲು ಹಿಡಿದು ಓಡಾಡುವವರ ಬಗ್ಗೆ ಇವತ್ತು ಮಾತನಾಡಬೇಕೆಂದಿದ್ದೇನೆ. ಇವರೆಲ್ಲ ಓದಿದವರು, ಪರೀಕ್ಷೆ ಬರೆದವರು, ಎಷ್ಟೋ ಸಲ ಕಟ್ ಆಫ್‌ಗಿಂತ ಹೆಚ್ಚು ಅಂಕವನ್ನೇ ತೆಗೆದವರು. ಅರ್ಜಿಯಲ್ಲೋ ಉತ್ತರಪತ್ರಿಕೆಯಲ್ಲೋ ತಮ್ಮ ಕೈಯಿಂದ ಆದ ಒಂದು ತಪ್ಪಿಗೆ ಹೊರಗುಳಿದವರು.

ಈ ಆಯೋಗದ ಕತೆಯಲ್ಲಿ ಕನ್ನಡಿಗರ ಪಾಲೂ ಇದೆ. ಮದ್ರಾಸ್ ಶಾಸನಸಭೆ 1929ರಲ್ಲಿ ಮಾಡಿದ ಕಾಯ್ದೆಯಿಂದ ಹುಟ್ಟಿದ ಮದ್ರಾಸ್ ಸರ್ವಿಸ್ ಕಮಿಷನ್, ದೇಶದ ಪ್ರಾಂತ್ಯಗಳಲ್ಲೇ ಮೊದಲನೆಯದು. ಆಗ ಮಂಗಳೂರು, ಉಡುಪಿ, ಕಾಸರಗೋಡು, ಬಳ್ಳಾರಿ, ಕೊಳ್ಳೇಗಾಲ ಎಲ್ಲವೂ ಮದ್ರಾಸ್ ಪ್ರಾಂತ್ಯದೊಳಗಿದ್ದವು. ಪ್ರಾಂತ್ಯದ ಸರ್ಕಾರಿ ಕೆಲಸ ಬೇಕೆಂದಿದ್ದ ದಕ್ಷಿಣ ಕನ್ನಡದ ಹುಡುಗನ ಕಣ್ಣೆಲ್ಲ ಈ ಊರಿನ ಕಡೆಗೇ. 1953ರಲ್ಲಿ ಬಳ್ಳಾರಿ ಮೈಸೂರಿಗೆ ಸೇರಿತು, 1956ರಲ್ಲಿ ಕರಾವಳಿ ಬೇರೆಯಾಯಿತು, 1970ರಲ್ಲಿ ಆಯೋಗಕ್ಕೆ ಈಗಿನ ಹೆಸರು ಬಂತು. ಆದರೂ ಈರೋಡು ಜಿಲ್ಲೆಯ ತಾಳವಾಡಿ, ಕೃಷ್ಣಗಿರಿ ಜಿಲ್ಲೆಯ ಹೊಸೂರು ಕಡೆಯ ಕನ್ನಡದ ಮನೆಗಳ ಮಕ್ಕಳಿಗೆ ಇವತ್ತಿಗೂ ಇದೇ ಆಯೋಗ. ಅವರಿಗೆ ಒಂದು ಹೆಚ್ಚಿನ ಹೊರೆಯೂ ಇದೆ. 2021ರ ಡಿಸೆಂಬರಿನ ಸರ್ಕಾರಿ ಆದೇಶದಿಂದ ತಮಿಳು ಭಾಷಾ ಪತ್ರಿಕೆ ಕಡ್ಡಾಯವಾಯಿತು. ಅದರಲ್ಲಿ ಶೇಕಡಾ 40 ಅಂಕ ಬಾರದಿದ್ದರೆ ಉಳಿದ ಅಂಕ ಎಷ್ಟಿದ್ದರೂ ಲೆಕ್ಕಕ್ಕಿಲ್ಲ. ತಮಿಳು ಮಾಧ್ಯಮದಲ್ಲಿ ಓದಿದವರಿಗೆಂದು ಶೇಕಡಾ 20 ಮೀಸಲಾತಿ ಇದೆ; ಒಂದನೇ ತರಗತಿಯಿಂದಲೇ ತಮಿಳಿನಲ್ಲಿ ಓದಿದ ದಾಖಲೆ ಅದಕ್ಕೆ ಬೇಕು. ಅರ್ಜಿಯ ಆ ಕಾಲಂನಲ್ಲಿ ಗೊತ್ತಿಲ್ಲದೆ ‘ಹೌದು’ ಎಂದು ಒತ್ತಿದವರ ಪಾಡು ಕೊನೆಯಲ್ಲಿ, ಪ್ರಮಾಣಪತ್ರ ಪರಿಶೀಲನೆಯ ದಿನ ಬಯಲಾಗುತ್ತದೆ.

ಮೊದಲು ಈ ಅರ್ಜಿಯನ್ನು ಹೇಗೆ ತುಂಬುತ್ತಾರೆ ಎಂದು ನೋಡಿ. ಟ್ರಿಪ್ಲಿಕೇನಿನ ಮ್ಯಾನ್ಷನ್‌ಗಳ ಸಣ್ಣ ಕೋಣೆಗಳಲ್ಲಿ ಉಳಿದುಕೊಂಡು, ಕೋಟ್ಟೂರುಪುರದ ಅಣ್ಣಾ ಶತಮಾನೋತ್ಸವ ಗ್ರಂಥಾಲಯದಲ್ಲಿ ದಿನವಿಡೀ ಓದುವ ಹುಡುಗ ಹುಡುಗಿಯರು ಸಾವಿರಾರು. ಮೊಬೈಲಿನಲ್ಲಿ ಫೋಟೊ ಸರಿಯಾಗಿ ಅಪ್‌ಲೋಡ್ ಆಗುವುದಿಲ್ಲ ಎಂದು ಅವರು ಬೀದಿಯ ಬ್ರೌಸಿಂಗ್ ಸೆಂಟರಿಗೆ ಹೋಗುತ್ತಾರೆ. ಕೀಲಿಮಣೆ ಅಂಗಡಿಯವನ ಕೈಯಲ್ಲಿ. ಅಭ್ಯರ್ಥಿ ಅವನ ಹಿಂದೆ ನಿಂತು ಹೆಸರು, ಹುಟ್ಟಿದ ತಾರೀಕು, ಜಾತಿ, ಎಸ್‌ಎಸ್‌ಎಲ್‌ಸಿ ನೋಂದಣಿ ಸಂಖ್ಯೆ ಒಂದೊಂದಾಗಿ ಹೇಳಬೇಕು. ಹಿಂದೆ ಇನ್ನೂ ಹತ್ತು ಜನ ಕಾಯುತ್ತಿರುತ್ತಾರೆ. ಕೊನೆಯ ದಿನವಾದರೆ ಸರ್ವರ್ ಎಳೆಯುತ್ತಿರುತ್ತದೆ, ರಾತ್ರಿ 11 ಗಂಟೆ 59 ನಿಮಿಷಕ್ಕೆ ಬಾಗಿಲು ಮುಚ್ಚುತ್ತದೆ. ತೆರೆಯ ಮೇಲೆ ಕೊನೆಗೊಂದು ಘೋಷಣೆ ಬರುತ್ತದೆ: ಮೇಲಿನ ವಿವರಗಳೆಲ್ಲ ನಿಜ, ತಪ್ಪಿದ್ದರೆ ನನ್ನ ಅರ್ಜಿ ತಿರಸ್ಕರಿಸಬಹುದು. ಅದಕ್ಕೂ ಟಿಕ್ ಹಾಕುವವನು ಅಂಗಡಿಯವನೇ. ಆದರೆ ಕಾನೂನಿನ ಕಣ್ಣಿಗೆ ಆ ಟಿಕ್ ಅಭ್ಯರ್ಥಿಯದು.

ಇಲ್ಲಿ ಗ್ರೂಪ್-4 ಎಂಬ ಪರೀಕ್ಷೆ ಇದೆ. ಗ್ರಾಮ ಆಡಳಿತಾಧಿಕಾರಿ, ಜೂನಿಯರ್ ಅಸಿಸ್ಟೆಂಟ್, ಟೈಪಿಸ್ಟ್ ಹುದ್ದೆಗಳಿಗೆ ನಡೆಯುವುದು. 2022ರಲ್ಲೂ 2024ರಲ್ಲೂ ಅದಕ್ಕೆ ಅರ್ಜಿ ಹಾಕಿದವರು 20 ಲಕ್ಷಕ್ಕೂ ಹೆಚ್ಚು. ಸಾವಿರಕ್ಕೆ ಒಬ್ಬರು ತಪ್ಪಿದರೂ ಎರಡು ಸಾವಿರ ಜನ ಆಗುತ್ತಾರೆ. ಅವರಲ್ಲಿ ಬಹುಪಾಲು ಜನ ಹಣೆಬರಹ ಎಂದುಕೊಂಡು ಊರಿಗೆ ಹೋಗುತ್ತಾರೆ. ಉಳಿದವರು ವಕೀಲರನ್ನು ಹುಡುಕುತ್ತಾರೆ.

ಕೋರ್ಟು ಇಂಥವರಿಗೆ ಏನು ಹೇಳುತ್ತಾ ಬಂದಿದೆ? ಈ ರಾಜ್ಯದ ಮಟ್ಟಿಗೆ ಹೇಳುವುದಾದರೆ, 2006ರಲ್ಲಿ ಮದ್ರಾಸ್ ಹೈಕೋರ್ಟಿನ ವಿಭಾಗೀಯ ಪೀಠವೊಂದು ಕೊಟ್ಟ ತೀರ್ಪು ಇವತ್ತಿಗೂ ಆಯೋಗದ ವಕೀಲರ ಕೈಯಲ್ಲಿ ಸದಾ ಇರುತ್ತದೆ. ಆಯೋಗ ಅಭ್ಯರ್ಥಿಗಳಿಗೆ ಕೊಟ್ಟ ಸೂಚನೆಗಳನ್ನು ಚಾಚೂ ತಪ್ಪದೆ ಪಾಲಿಸಬೇಕು, ಒಬ್ಬರಿಗೆ ಸಡಿಲಿಸಿದರೆ ಉಳಿದವರಿಗೆ ತಾರತಮ್ಯ ಮಾಡಿದಂತಾಗುತ್ತದೆ ಎನ್ನುವುದು ಅದರ ಸಾರ. ಈ ಮಾತಿನಲ್ಲಿ ತಿರುಳಿದೆ. ಸೂಚನೆಯನ್ನು ಎರಡು ಸಲ ಓದಿ, ಕೊನೆಯ ದಿನಕ್ಕೆ ಕಾಯದೆ, ದಾಖಲೆಗೆಂದು ತಾಲ್ಲೂಕು ಕಚೇರಿಗೆ ಅಲೆದು ಎಲ್ಲವನ್ನೂ ಸರಿಯಾಗಿ ಹೊಂದಿಸಿಕೊಟ್ಟ ಇನ್ನೊಬ್ಬಳು ಬಡ ಹುಡುಗಿ ಇದ್ದಾಳೆ. ಅವಳು ಕೋರ್ಟಿನಲ್ಲಿ ಇರುವುದಿಲ್ಲ. ಅವಳ ಪರವಾಗಿ ಮಾತನಾಡುವುದು ಆ ನಿಯಮವೊಂದೇ. ತಪ್ಪು ಮಾಡಿದವರ ಮೇಲಿನ ಕನಿಕರದಲ್ಲಿ ನಾವು ಅವಳನ್ನು ಮರೆಯಬಾರದು.

ಆದರೆ ಎಲ್ಲ ತಪ್ಪೂ ಒಂದೇ ಬಗೆಯದಲ್ಲ. ಬಿಹಾರದ ಒಂದು ಪ್ರಕರಣ ಇದನ್ನು ತೋರಿಸುತ್ತದೆ. 2017ರಲ್ಲಿ ಅಲ್ಲಿ 9,900 ಪೊಲೀಸ್ ಕಾನ್‌ಸ್ಟೇಬಲ್ ಹುದ್ದೆಗಳಿಗೆ ಅರ್ಜಿ ಕರೆದರು. ಹಳ್ಳಿಯ ಬಡ ಕುಟುಂಬದ ಯುವಕನೊಬ್ಬ ಸೈಬರ್ ಕೆಫೆಯವನ ಕೈಯಲ್ಲಿ ಅರ್ಜಿ ತುಂಬಿಸಿದ. ಲಿಖಿತ ಪರೀಕ್ಷೆ ಪಾಸಾದ, ದೈಹಿಕ ಪರೀಕ್ಷೆಯನ್ನೂ ಪಾಸಾದ. ಫಲಿತಾಂಶ ಬಂದಾಗ ಫೇಲು. ಕಾರಣ: ಅವನ ಅಂಕಪಟ್ಟಿಯಲ್ಲಿ ಹುಟ್ಟಿದ ತಾರೀಕು 18-12-1997, ಅರ್ಜಿಯಲ್ಲಿ 8-12-1997. ಒಂದು ‘1’ ಬಿಟ್ಟುಹೋಗಿತ್ತು. ಆ ಹತ್ತು ದಿನಗಳಿಂದ ಅವನ ವಯೋಮಿತಿಗೆ ಏನೂ ಆಗುತ್ತಿರಲಿಲ್ಲ. ಯಾವ ತಾರೀಕು ಹಿಡಿದರೂ ಅವನು ಅರ್ಹನೇ. ಸರಿಯಾದ ತಾರೀಕಿನ ಅಂಕಪಟ್ಟಿಯನ್ನು ತಾನೇ ತಂದು ತೋರಿಸಿದ್ದ. ಪಾಟ್ನಾ ಹೈಕೋರ್ಟಿನ ಏಕಸದಸ್ಯ ಪೀಠದಲ್ಲಿ ಸೋತ, ವಿಭಾಗೀಯ ಪೀಠದಲ್ಲೂ ಸೋತ. ಕೊನೆಗೆ 2024ರ ಜನವರಿ 2ರಂದು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಜೆ.ಕೆ. ಮಾಹೇಶ್ವರಿ ಮತ್ತು ಕೆ.ವಿ. ವಿಶ್ವನಾಥನ್ ಅವರ ಪೀಠ ಅವನನ್ನು ಪಾಸಾದವನೆಂದು ಪರಿಗಣಿಸಬೇಕೆಂದು ಆದೇಶಿಸಿತು. ತಪ್ಪು ಕ್ಷುಲ್ಲಕ, ಅದರಿಂದ ಅವನಿಗೆ ಯಾವ ಲಾಭವೂ ಆಗಲಿಲ್ಲ, ಆಯ್ಕೆಯ ಮೇಲೆ ಅದರ ಪರಿಣಾಮ ಏನೂ ಇಲ್ಲ ಎಂಬುದು ಪೀಠದ ತರ್ಕ. ಅದಕ್ಕೆ ಸಂವಿಧಾನದ 142ನೇ ವಿಧಿಯ ವಿಶೇಷಾಧಿಕಾರವನ್ನು ಬಳಸಬೇಕಾಯಿತು. ಒಂದು ಅಂಕಿಗಾಗಿ ದೇಶದ ಅತ್ಯುನ್ನತ ನ್ಯಾಯಾಲಯದ ಈ ಅಧಿಕಾರ! ಇಂಥ ಹಳ್ಳಿಯ ಹುಡುಗರಲ್ಲಿ ದಿಲ್ಲಿಯವರೆಗೆ ಹೋಗುವವರು ಎಷ್ಟು ಜನ ಎಂದು ಯೋಚಿಸಿದರೆ ಎದೆ ಭಾರವಾಗುತ್ತದೆ.

ಈಗ ಇದರ ಎದುರಿಗೆ ನಮ್ಮ ಕರ್ನಾಟಕದ್ದೇ ಪ್ರಕರಣವೊಂದನ್ನು ಇಡುತ್ತೇನೆ. 1992ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದದ್ದು. ಕರ್ನಾಟಕ ಲೋಕಸೇವಾ ಆಯೋಗದ ಪರೀಕ್ಷೆಯಲ್ಲಿ ಕೆಲವು ಅಭ್ಯರ್ಥಿಗಳು ತಮ್ಮ ನೋಂದಣಿ ಸಂಖ್ಯೆಯನ್ನು ನಿಗದಿಯಾದ ಜಾಗದಲ್ಲಿ ಬರೆದದ್ದಲ್ಲದೆ ಉತ್ತರಪುಸ್ತಕದ ಒಳಪುಟಗಳಲ್ಲೂ ಬರೆದಿದ್ದರು. ಹಾಗೆ ಬರೆಯಬಾರದೆಂದು ಸೂಚನೆ ಇತ್ತು. ಆಯೋಗ ಆ ಉತ್ತರಪುಸ್ತಕಗಳ ಮೌಲ್ಯಮಾಪನವನ್ನೇ ಮಾಡಲಿಲ್ಲ. ಕರ್ನಾಟಕ ಆಡಳಿತ ನ್ಯಾಯಮಂಡಳಿ ಅಭ್ಯರ್ಥಿಗಳ ಪರ ನಿಂತಿತು. ಸುಪ್ರೀಂ ಕೋರ್ಟು ಆ ಆದೇಶವನ್ನು ತಳ್ಳಿಹಾಕಿತು. ಮೌಲ್ಯಮಾಪಕನಿಗೆ ಬರೆದವನು ಯಾರೆಂದು ತಿಳಿಯಬಾರದು, ಗುಟ್ಟು ಉಳಿಯದಿದ್ದರೆ ಪರೀಕ್ಷೆಯೇ ಉಳಿಯುವುದಿಲ್ಲ, ಇಂಥ ಕಡೆ ಮುಂಚೆ ನೋಟಿಸು ಕೊಟ್ಟು ವಿಚಾರಿಸುವ ಅಗತ್ಯವೂ ಇಲ್ಲ ಎಂದಿತು. ಆ ಅಭ್ಯರ್ಥಿಗಳಲ್ಲಿ ಮನಸ್ಸಿನಲ್ಲಿ ಕಪಟವಿಲ್ಲದೆ, ಶಾಲೆಯ ಅಭ್ಯಾಸದಂತೆ ಪ್ರತಿ ಪುಟದ ತಲೆಯಲ್ಲಿ ನಂಬರು ಬರೆದವರೂ ಇದ್ದಿರಬಹುದು. ಆದರೆ ಕಪಟ ಇದ್ದವನ ಪುಟವೂ ಇಲ್ಲದವನ ಪುಟವೂ ನೋಡುವುದಕ್ಕೆ ಒಂದೇ ಥರ ಇರುತ್ತವೆ. ಹಾಗಾಗಿ ಅಲ್ಲಿ ಬಿಗಿಯಾಗಿರುವುದೇ ಸರಿ ಎಂದು ನನಗನ್ನಿಸುತ್ತದೆ.

ಚೆನ್ನೈನಲ್ಲಿ ಇದಕ್ಕಿಂತ ದೊಡ್ಡದಾಗಿ, ನೋವಿನ ರೂಪದಲ್ಲಿ ಇದೇ ಪ್ರಶ್ನೆ ಎದ್ದಿತು. ಟಿಎನ್‌ಪಿಎಸ್‌ಸಿ ನಡೆಸಿದ 2000-2001ನೇ ಸಾಲಿನ ಗ್ರೂಪ್-1 ಪರೀಕ್ಷೆ. ಡೆಪ್ಯೂಟಿ ಕಲೆಕ್ಟರ್, ಡಿಎಸ್‌ಪಿಯಂಥ ಹುದ್ದೆಗಳಿಗೆ. ಆಯ್ಕೆಯಾಗದ ಅಭ್ಯರ್ಥಿಗಳು ಕೋರ್ಟಿಗೆ ಹೋದರು. ಆಯ್ಕೆಯಾದವರ ಉತ್ತರಪುಸ್ತಕ ತೆಗೆದು ನೋಡಿದರೆ ಬೇರೆ ಬೇರೆ ಬಣ್ಣದ ಶಾಯಿ, ಪೆನ್ಸಿಲು, ಸ್ಕೆಚ್ ಪೆನ್ನು, ಪ್ರಶ್ನೆಗೆ ಸಂಬಂಧವಿಲ್ಲದ ಬರಹ. ಮುಖ್ಯ ಅಂಶಕ್ಕೆ ಬಣ್ಣದಲ್ಲಿ ಗೆರೆ ಎಳೆಯುವುದನ್ನು ನಮ್ಮ ಶಾಲೆಗಳಲ್ಲಿ ಮೇಷ್ಟ್ರುಗಳೇ ಕಲಿಸುತ್ತಾರೆ ಎಂಬುದು ನಿಜ. ಆದರೆ ನೇಮಕಾತಿ ಪರೀಕ್ಷೆಯಲ್ಲಿ ಅದೇ ಗೆರೆ ಒಂದು ಸನ್ನೆಯೂ ಆಗಬಹುದು. 2011ರ ಮಾರ್ಚಿನಲ್ಲಿ ಮದ್ರಾಸ್ ಹೈಕೋರ್ಟು 83 ಮಂದಿಯ ಆಯ್ಕೆಯನ್ನು ರದ್ದುಮಾಡಿತು. 2014ರ ಜೂನ್ 30ರಂದು ಸುಪ್ರೀಂ ಕೋರ್ಟು ಆ ತೀರ್ಪನ್ನು ಎತ್ತಿಹಿಡಿಯಿತು. ಅಷ್ಟರಲ್ಲಿ ಅವರೆಲ್ಲ ವರ್ಷಗಟ್ಟಲೆ ಅಧಿಕಾರಿಗಳಾಗಿ ಕೆಲಸ ಮಾಡಿದ್ದರು, ಮನೆ ಮಠ ಕಟ್ಟಿಕೊಂಡಿದ್ದರು. ಇನ್ನೊಂದು ಕಡೆ, ನ್ಯಾಯ ಕೇಳಿ ಹೋದ ಅಭ್ಯರ್ಥಿಗಳ ವಯೋಮಿತಿ ದಾಟುತ್ತಾ ಹೋಗಿತ್ತು. ತೀರ್ಪು ಯಾರ ಕಡೆ ಬಂದರೂ, ಒಂದು ದಶಕ ದಾಟಿದ ಮೇಲೆ ಬಂದದ್ದು ಯಾರಿಗೆ ಪೂರ್ತಿ ದಕ್ಕುತ್ತದೆ? ನಾನು ದೂರುವುದು ಆ ನಿಯಮವನ್ನಲ್ಲ. ಮೌಲ್ಯಮಾಪನದ ಮೇಜಿನ ಮೇಲೆ, ಮೊದಲ ದಿನವೇ ಕಾಣುವಂತಿದ್ದ ಬಣ್ಣದ ಶಾಯಿ ಯಾರ ಕಣ್ಣಿಗೂ ಬೀಳದೆ ನೇಮಕಾತಿ ಆದೇಶದವರೆಗೆ ಹೋಯಿತಲ್ಲ, ಅದನ್ನು ದೂರುತ್ತೇನೆ. ಸೂಚನೆ ಬರೆದ ಆಯೋಗಕ್ಕೆ ಆ ಸೂಚನೆಯನ್ನು ಸಕಾಲದಲ್ಲಿ ಜಾರಿಗೊಳಿಸುವ ಕರ್ತವ್ಯವೂ ಇದೆ.

ಇವನ್ನೆಲ್ಲ ಒಟ್ಟಿಗಿಟ್ಟು ನೋಡಿದಾಗ ನನಗೆ ಕಾಣುವ ವ್ಯತ್ಯಾಸ ಇದು. ಪರೀಕ್ಷಾ ಕೊಠಡಿಯೊಳಗಿನ ಬಿಗಿ, ಹೊರಗಿರುವ ಲಕ್ಷಾಂತರ ಜನರನ್ನು ಕಾಯುತ್ತದೆ. ಅರ್ಜಿ ನಮೂನೆಯ ಒಂದು ಅಂಕಿಯ ಮೇಲಿನ ಬಿಗಿ ಯಾರನ್ನೂ ಕಾಯುವುದಿಲ್ಲ. ಆದ್ದರಿಂದ ಕೇಳಬೇಕಾದ ಮೊದಲ ಪ್ರಶ್ನೆ, ಈ ತಪ್ಪಿನಿಂದ ಇನ್ನೊಬ್ಬ ಅಭ್ಯರ್ಥಿಗೆ ಏನು ನಷ್ಟವಾಯಿತು ಎಂಬುದು. ಬಿಹಾರದ ಆ ಹತ್ತು ದಿನಗಳಿಂದ ಯಾರಿಗೂ ಏನೂ ಆಗಲಿಲ್ಲ. ಒಳಪುಟದ ನೋಂದಣಿ ಸಂಖ್ಯೆಯಿಂದ ಎಲ್ಲರಿಗೂ ನಷ್ಟವಾಗುವ ಸಂಭವವಿತ್ತು.

ನೋಡುವುದಕ್ಕೆ ಕ್ಷುಲ್ಲಕವೆಂದು ಕಂಡರೂ ಹಾಗಲ್ಲದ ತಪ್ಪುಗಳಿವೆ, ಅದನ್ನೂ ಹೇಳಬೇಕು. 2022ರ ಜುಲೈಯಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದ ರೈಲ್ವೆ ರಕ್ಷಣಾ ಪಡೆಯ ಪ್ರಕರಣವೊಂದರಲ್ಲಿ ಅಭ್ಯರ್ಥಿ ಅರ್ಜಿಯಲ್ಲಿ ಒಂದು ಭಾಷೆ, ಉತ್ತರದ ವೃತ್ತ ತುಂಬುವ ಓಎಂಆರ್ ಶೀಟಿನಲ್ಲಿ ಇನ್ನೊಂದು ಭಾಷೆ ಬಳಸಿದ್ದ. ಎರಡರಲ್ಲೂ ಒಂದೇ ಭಾಷೆ ಇರಬೇಕೆಂಬುದು ಸೂಚನೆ. ಭಾಷೆ ಬೇರೆಯಾದರೆ ಏನಂತೆ ಎಂದು ಯಾರಿಗಾದರೂ ಅನ್ನಿಸೀತು. ಆದರೆ ಅರ್ಜಿ ಬರೆದವನೂ ಪರೀಕ್ಷೆ ಬರೆದವನೂ ಒಬ್ಬನೇ ಎಂದು ಕೈಬರಹ ಹೋಲಿಸಿ ನೋಡುವುದಕ್ಕಾಗಿ ಇದ್ದ ನಿಯಮ ಅದು. ಬದಲಿ ಅಭ್ಯರ್ಥಿಯನ್ನು ಕೂರಿಸುವ ದಂಧೆ ಇರುವ ದೇಶದಲ್ಲಿ ಆ ಹೋಲಿಕೆ ಬೇಕು. ಕೋರ್ಟು ಅರ್ಜಿಯ ತಿರಸ್ಕಾರವನ್ನು ಒಪ್ಪಿತು.

ಓಎಂಆರ್ ಶೀಟಿನ ವಿಷಯಕ್ಕೆ ಬರೋಣ. 2019ರ ಸೆಪ್ಟೆಂಬರಿನಲ್ಲಿ ನಡೆದ ಗ್ರೂಪ್-4 ಪರೀಕ್ಷೆಯಲ್ಲಿ ಮೊದಲ ನೂರು ಸ್ಥಾನಗಳಲ್ಲಿ ಮೂವತ್ತಕ್ಕೂ ಹೆಚ್ಚು ಜನ ರಾಮನಾಥಪುರಂ ಜಿಲ್ಲೆಯ ರಾಮೇಶ್ವರಂ ಮತ್ತು ಕೀಳಕ್ಕರೈ ಎಂಬ ಎರಡೇ ಕೇಂದ್ರಗಳಲ್ಲಿ ಬರೆದವರು. ಕೆಲವೇ ಗಂಟೆಗಳಲ್ಲಿ ಮಾಸಿಹೋಗುವ ಶಾಯಿಯಿಂದ ಗುರುತು ಹಾಕಿ, ಆಮೇಲೆ ಸರಿಯುತ್ತರ ತುಂಬಿಸಿದ್ದರು. 2020ರ ಜನವರಿಯಲ್ಲಿ ಆಯೋಗ 99 ಅಭ್ಯರ್ಥಿಗಳನ್ನು ಆಜೀವ ನಿಷೇಧಿಸಿತು, ಸಿಬಿಸಿಐಡಿ ಪೊಲೀಸರು ಬಂಧನ ಶುರುಮಾಡಿದರು. ನಮ್ಮ ಕರ್ನಾಟಕದಲ್ಲಿ 2021ರ ಅಕ್ಟೋಬರ್ 3ರಂದು ನಡೆದ 545 ಪಿಎಸ್‌ಐ ಹುದ್ದೆಗಳ ಪರೀಕ್ಷೆಯ ಅಕ್ರಮವೂ ಇದರ ಹತ್ತಿರದ ನೆಂಟ: ಕೊಠಡಿಯಲ್ಲಿ ಖಾಲಿ ಬಿಟ್ಟ ವೃತ್ತಗಳು ಆಮೇಲೆ ತುಂಬಿಕೊಂಡವು. ಪ್ರಾಮಾಣಿಕವಾಗಿ ಬರೆದು ಆಯ್ಕೆಯಾದವರೂ ಆ ಪಟ್ಟಿಯ ಜೊತೆಗೇ ಮುಳುಗಿದರು. 2023ರ ನವೆಂಬರಿನಲ್ಲಿ ಕರ್ನಾಟಕ ಹೈಕೋರ್ಟು ಮರುಪರೀಕ್ಷೆಯನ್ನು ಎತ್ತಿಹಿಡಿಯಿತು, 2024ರ ಜನವರಿ 23ರಂದು ಎಲ್ಲರೂ ಮತ್ತೆ ಬರೆದರು.

2019ರ ಅಕ್ರಮದಿಂದ ಪಾಠ ಕಲಿತ ಟಿಎನ್‌ಪಿಎಸ್‌ಸಿ ಓಎಂಆರ್ ಶೀಟನ್ನೇ ಬದಲಿಸಿತು. ಎ, ಬಿ, ಸಿ, ಡಿ ಜೊತೆಗೆ ‘ಇ’ ಎಂಬ ಐದನೇ ವೃತ್ತ ಬಂತು. ಉತ್ತರ ಗೊತ್ತಿಲ್ಲ ಎನ್ನುವವರು ಅದನ್ನು ತುಂಬಬೇಕು. 200 ಪ್ರಶ್ನೆಗಳಲ್ಲಿ ಒಂದನ್ನೂ ಖಾಲಿ ಬಿಡುವಂತಿಲ್ಲ. ಕೊನೆಗೆ, ಎ ಎಷ್ಟು ತುಂಬಿದೆ, ಬಿ ಎಷ್ಟು, ಸಿ ಎಷ್ಟು ಎಂದು ಎಣಿಸಿ, ಆ ಸಂಖ್ಯೆಗಳನ್ನೂ ಬರೆದು, ವೃತ್ತ ತುಂಬಿ, ಒಟ್ಟು 200 ಆಗುವಂತೆ ನೋಡಿಕೊಳ್ಳಬೇಕು. ಎಡಗೈ ಹೆಬ್ಬೆಟ್ಟು ಒತ್ತಬೇಕು, ಒತ್ತಿದ ಶಾಯಿ ಹಾಳೆಯ ಬೇರೆ ಕಡೆ ತಾಕದಂತೆ ಬೆರಳು ಒರೆಸಿಕೊಳ್ಳಬೇಕು. ಮೂರು ಗಂಟೆ ತಲೆ ತಗ್ಗಿಸಿ ಬರೆದ ಮೇಲೆ, ಕಣ್ಣು ಮಂಜಾಗಿರುವಾಗ, 200 ಸಣ್ಣ ಕಪ್ಪು ಚುಕ್ಕೆಗಳನ್ನು ಐದು ಗುಂಪುಗಳಾಗಿ ಎಣಿಸುವ ಕೆಲಸ ಅದು. 57 ಎಂದು ಎಣಿಸಿದ್ದು ಎರಡನೇ ಸಲ 58 ಆಗುತ್ತದೆ. ಮೂರನೇ ಸಲ ಎಣಿಸಲು ಹೊತ್ತಿಲ್ಲ.

ಇಲ್ಲಿ ಆಯೋಗ ಮಾಡಿದ ಒಂದು ಒಳ್ಳೆಯ ಕೆಲಸವನ್ನು ಮೆಚ್ಚಬೇಕು. ಈ ಲೆಕ್ಕ ತಪ್ಪಿದರೆ ಇಡೀ ಶೀಟನ್ನು ಎಸೆಯುವುದಿಲ್ಲ. 2 ಅಂಕ ಕಡಿತ. ಹೆಬ್ಬೆಟ್ಟು ಮರೆತರೆ 2 ಅಂಕ. ಪ್ರಶ್ನೆಪುಸ್ತಿಕೆಯ ಸಂಖ್ಯೆಯ ವೃತ್ತ ಸರಿಯಾಗಿ ತುಂಬದಿದ್ದರೆ 5 ಅಂಕ. ಕಪ್ಪು ಬಾಲ್ ಪೆನ್ನಿನ ಬದಲು ಬೇರೆ ಬಳಸಿದರೆ ಅಥವಾ ಹಾಳೆಯ ಮೇಲೆ ಬೇಡದ ಗುರುತು ಹಾಕಿದರೆ ಶೀಟೇ ಅಸಿಂಧು. ಅಂದರೆ ಯಾವ ತಪ್ಪು ಎಷ್ಟು ಭಾರದ್ದು ಎಂದು ಆಯೋಗವೇ ತೂಗಿ, ಮುಂಚಿತವಾಗಿ ಬರೆದು ತಿಳಿಸಿದೆ. ಕಡಿತ ಎಷ್ಟಿರಬೇಕು ಎಂಬುದರಲ್ಲಿ ಭಿನ್ನಾಭಿಪ್ರಾಯ ಇರಬಹುದು. ಕಟ್ ಆಫ್ ಅರ್ಧ ಅಂಕದಲ್ಲಿ ನಿರ್ಧಾರವಾಗುವ ಕಡೆ 2 ಅಂಕ ಹೋದರೆ ಕೆಲಸವೇ ಹೋದಂತೆ. ಆದರೂ ತೂಗುವ ತತ್ವ ಸರಿಯಾದದ್ದು. ನನ್ನ ವಾದವೆಲ್ಲ ಇಷ್ಟೇ: ಕೊಠಡಿಯೊಳಗಿನ ತಪ್ಪನ್ನು ತೂಗಿ ನೋಡಲು ಬರುವ ಆಯೋಗಕ್ಕೆ, ಅರ್ಜಿಯಲ್ಲಿನ ತಪ್ಪನ್ನು ತೂಗಿ ನೋಡಲು ಯಾಕೆ ಬರಬಾರದು? ಅಲ್ಲಿ ಯಾಕೆ ಒಂದೇ ಶಿಕ್ಷೆ, ತಿರಸ್ಕಾರ?

ಪ್ರಮಾಣಪತ್ರ ಮತ್ತು ಕೊನೆಯ ದಿನಾಂಕದ ಪ್ರಶ್ನೆ ಇದೆಯಲ್ಲ, ಅದು ಮಾತ್ರ ನನಗೂ ಸುಲಭವಾಗಿ ಬಿಡಿಸಲಾಗದ ಕಗ್ಗಂಟು. ಸುಪ್ರೀಂ ಕೋರ್ಟಿನ ತೀರ್ಪುಗಳೇ ಇಲ್ಲಿ ಎರಡು ದಿಕ್ಕಿಗೆ ನಡೆದಿವೆ. 2011ರಲ್ಲಿ ಅಸ್ಸಾಂ ಲೋಕಸೇವಾ ಆಯೋಗದ ಪ್ರಕರಣದಲ್ಲಿ, ಅಂಗವಿಕಲರ ಗುರುತುಪತ್ರವನ್ನು ತಡವಾಗಿ ಕೊಟ್ಟ ಅಭ್ಯರ್ಥಿಗೆ ಹೈಕೋರ್ಟು ಕೊಟ್ಟಿದ್ದ ಪರಿಹಾರವನ್ನು ಅದು ರದ್ದುಮಾಡಿತು. ಜಾಹೀರಾತಿನಲ್ಲೇ ಸಡಿಲಿಕೆಯ ಅಧಿಕಾರ ಹೇಳಿರದಿದ್ದರೆ ಆಮೇಲೆ ಸಡಿಲಿಸುವಂತಿಲ್ಲ, ಹಾಗೆ ಸಡಿಲಿಸುವುದೆಂದು ಗೊತ್ತಿದ್ದರೆ ಇನ್ನೆಷ್ಟೋ ಜನ ಅರ್ಜಿ ಹಾಕುತ್ತಿದ್ದರು ಎಂದಿತು. 2016ರಲ್ಲಿ ದಿಲ್ಲಿಯ ಪ್ರಕರಣದಲ್ಲಿ, ಹಿಂದುಳಿದ ವರ್ಗದ ಪ್ರಮಾಣಪತ್ರ ಕೊನೆಯ ದಿನದ ನಂತರ ತಂದುಕೊಟ್ಟವನನ್ನು ಒಪ್ಪಿಕೊಳ್ಳಿ ಎಂದಿತು. ಜಾತಿ ಹುಟ್ಟಿನಿಂದ ಬಂದದ್ದು, ಪ್ರಮಾಣಪತ್ರ ಅದಕ್ಕೆ ಸಾಕ್ಷಿ ಅಷ್ಟೆ ಎಂಬ ನೋಟ ಅದರ ಹಿಂದಿತ್ತು. 2023ರ ಅಕ್ಟೋಬರಿನಲ್ಲಿ ಯುಪಿಎಸ್‌ಸಿ ಅಭ್ಯರ್ಥಿಗಳು ಆರ್ಥಿಕವಾಗಿ ದುರ್ಬಲ ವರ್ಗದ ಪ್ರಮಾಣಪತ್ರವನ್ನು ನಿಗದಿತ ದಿನದೊಳಗೆ, ನಿಗದಿತ ರೀತಿಯಲ್ಲಿ ಕೊಡಲಿಲ್ಲವೆಂದು ಸೋತರು. ಸೋಲಿಸಿದ ಪೀಠ ಯಾವುದು ಗೊತ್ತೇ? ಮೂರೇ ತಿಂಗಳಿನ ಬಳಿಕ ಬಿಹಾರದ ಯುವಕನ ಕೈಹಿಡಿದ ಅದೇ ಮಾಹೇಶ್ವರಿ ಮತ್ತು ವಿಶ್ವನಾಥನ್ ಅವರ ಪೀಠ. ಇದರಲ್ಲಿ ವಿರೋಧಾಭಾಸವೇನೂ ಇಲ್ಲ. ಹುಟ್ಟಿದ ತಾರೀಕಾಗಲಿ ಜಾತಿಯಾಗಲಿ ವರ್ಷಕ್ಕೊಮ್ಮೆ ಬದಲಾಗುವುದಿಲ್ಲ, ಆದಾಯ ಬದಲಾಗುತ್ತದೆ. ಯಾವ ವರ್ಷದ ಆದಾಯ, ಯಾವ ದಿನದ ಒಳಗಿನ ಪತ್ರ ಎಂಬುದು ಅಲ್ಲಿ ಅರ್ಹತೆಯ ಭಾಗವೇ ಆಗಿಬಿಡುತ್ತದೆ. ತಪ್ಪು ಯಾವುದಕ್ಕೆ ತಗುಲಿದೆ ಎಂದು ನೋಡಿ ತೀರ್ಮಾನಿಸಿದ್ದಾರೆ ನ್ಯಾಯಮೂರ್ತಿಗಳು. ಹೀಗೆ ಬಿಡಿಸಿ ನೋಡುವ ತಾಳ್ಮೆ ಮೊದಲ ಹಂತದ ಅಧಿಕಾರಿಗಳಿಗೆ ಬೇಕು.

ಇಷ್ಟೆಲ್ಲ ಅಭ್ಯರ್ಥಿಗಳ ತಪ್ಪಿನ ಮಾತಾಯಿತು. ಆಯೋಗಗಳೇ ತಪ್ಪಿದಾಗ? 2024ರ ಆಗಸ್ಟ್ 27ರಂದು ನಡೆದ ಕೆಎಎಸ್ ಪ್ರಿಲಿಮ್ಸ್ ನಿಮಗೆ ನೆನಪಿರಬೇಕು. 384 ಹುದ್ದೆಗಳು. ಇಂಗ್ಲಿಷಿನ ಪ್ರಶ್ನೆಗೂ ಕನ್ನಡದ ಪ್ರಶ್ನೆಗೂ ತಾಳೆಯೇ ಇರಲಿಲ್ಲ. ಕನ್ನಡದಲ್ಲಿ ಓದಿ ಉತ್ತರಿಸಿದವರು, ಕನ್ನಡ ನಾಡಿನ ಆಯೋಗದ ಪರೀಕ್ಷೆಯಲ್ಲಿ, ಕನ್ನಡದಿಂದಲೇ ಸೋಲಬೇಕಾಯಿತು. ಆಕ್ರೋಶ ಎದ್ದ ಮೇಲೆ ಸರ್ಕಾರ ಮರುಪರೀಕ್ಷೆಗೆ ಒಪ್ಪಿತು. ಡಿಸೆಂಬರ್ 29ರಂದು ಮತ್ತೆ ಬರೆದರೆ ಅಲ್ಲೂ ಅನುವಾದದ ತಪ್ಪುಗಳು, ಮತ್ತೆ ದಾವೆಗಳು. ಕೀ ಉತ್ತರ ತಪ್ಪಿದ ಪ್ರಕರಣಗಳಂತೂ ಪ್ರತಿ ರಾಜ್ಯದಲ್ಲೂ ಇವೆ. 1983ರಲ್ಲಿ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಕೀ ಉತ್ತರ ಸರಿ ಎಂದೇ ಭಾವಿಸಬೇಕು, ಆದರೆ ಅದು ತಪ್ಪೆಂದು ಸ್ಪಷ್ಟವಾಗಿ ತೋರಿಸಿಕೊಟ್ಟರೆ ವಿದ್ಯಾರ್ಥಿಯನ್ನು ಶಿಕ್ಷಿಸಬಾರದು ಎಂದಿತ್ತು. 2017ರ ಡಿಸೆಂಬರಿನ ಉತ್ತರಪ್ರದೇಶದ ಪ್ರಕರಣದಲ್ಲಿ, ಸಂಶಯವಿದ್ದಾಗ ಅದರ ಲಾಭ ಪರೀಕ್ಷೆ ನಡೆಸುವ ಸಂಸ್ಥೆಗೆ ಹೋಗಬೇಕೆಂದಿತು. ಆಯೋಗದ ತಪ್ಪಿಗೆ ಸಂಶಯದ ಲಾಭ ಸಿಗುತ್ತದೆ, ಪರಿಷ್ಕೃತ ಕೀ ಉತ್ತರ ಸಿಗುತ್ತದೆ, ಮರುಪರೀಕ್ಷೆಯ ಅವಕಾಶವೂ ಸಿಗುತ್ತದೆ. ಇಪ್ಪತ್ತೆರಡು ವರ್ಷದ ಅಭ್ಯರ್ಥಿಯೊಬ್ಬಳ ತಪ್ಪಿಗೆ ಇದರಲ್ಲಿ ಒಂದೂ ಸಿಗುವುದಿಲ್ಲ. ಈ ಅಸಮತೋಲ ನನ್ನನ್ನು ಬಹಳ ಕಾಡುತ್ತದೆ.

ಕೋರ್ಟಿಗೆ ಹೋಗುವುದು ಎಂದರೆ ಏನೆಂದು ಹೋದವರಿಗೇ ಗೊತ್ತು. ಕರ್ನಾಟಕದಲ್ಲಿ ಇಂಥ ದಾವೆ ಮೊದಲು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋಗುತ್ತದೆ. ತಮಿಳುನಾಡಿನಲ್ಲಿದ್ದ ಆಡಳಿತ ನ್ಯಾಯಮಂಡಳಿ ಮುಚ್ಚಿಹೋಗಿ ಬಹಳ ಕಾಲವಾಯಿತು. ಹಾಗಾಗಿ ನೇರವಾಗಿ ಹೈಕೋರ್ಟಿನಲ್ಲಿ, ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ. ತೆಂಕಣ ಜಿಲ್ಲೆಗಳಿಗೆ 2004ರಿಂದ ಮಧುರೈ ಪೀಠ ಇದೆ. ತಾಳವಾಡಿಯವರು, ಹೊಸೂರಿನವರು ಚೆನ್ನೈಗೇ ಬರಬೇಕು. ತಾಳವಾಡಿಯಿಂದಾದರೆ ರಾತ್ರಿಯಿಡೀ ಪ್ರಯಾಣ. ವಕೀಲರ ಶುಲ್ಕ, ದಾಖಲೆಗಳ ತರ್ಜುಮೆ, ಕೇಸು ಪಟ್ಟಿಯಲ್ಲಿದ್ದರೂ ಕರೆಯದೆ ಮುಂದೆ ಹೋಗುವ ದಿನಗಳು. ಅದೃಷ್ಟವಿದ್ದರೆ ಒಂದು ಮಧ್ಯಂತರ ಆದೇಶ: ತೀರ್ಪಿಗೆ ಬದ್ಧವಾಗಿ ಮುಂದಿನ ಹಂತಕ್ಕೆ ಬಿಡಿ, ಅಥವಾ ಒಂದು ಹುದ್ದೆ ಖಾಲಿ ಇಡಿ. ಆ ಖಾಲಿ ಹುದ್ದೆಗೆ ಪಟ್ಟಿಯಲ್ಲಿ ಮುಂದಿದ್ದವಳು ತನಗೇಕೆ ಆದೇಶ ಬರಲಿಲ್ಲ ಎಂದು ಊರಿನಲ್ಲಿ ಕಾಯುತ್ತಿರುತ್ತಾಳೆ. ಏಕಸದಸ್ಯ ಪೀಠದಲ್ಲಿ ಗೆದ್ದರೂ ಆಯೋಗ ಮೇಲ್ಮನವಿ ಹೋಗುತ್ತದೆ. ಒಬ್ಬರ ತಪ್ಪು ಹೀಗೆ ಇಬ್ಬರ ಯೌವನವನ್ನು ತಿನ್ನುತ್ತದೆ.

ಟಿಎನ್‌ಪಿಎಸ್‌ಸಿ ಈಚಿನ ವರ್ಷಗಳಲ್ಲಿ ಅರ್ಜಿಯ ಗಡುವು ಮುಗಿದ ಮೇಲೆ ಮೂರು ದಿನಗಳ ತಿದ್ದುಪಡಿ ಅವಕಾಶ ಕೊಡುತ್ತಿದೆ. ಇದು ದೊಡ್ಡ ಹೆಜ್ಜೆ, ಇದರಿಂದ ಎಷ್ಟೋ ಜನ ಕೋರ್ಟಿನ ದಾರಿ ತುಳಿಯುವುದು ತಪ್ಪಿದೆ ಎಂದು ನಂಬುತ್ತೇನೆ. ಇನ್ನೂ ಎರಡು ಕೆಲಸ ಆಗಬೇಕು. ಅರ್ಜಿಯ ಯಾವ ಕಾಲಂನ ತಪ್ಪಿಗೆ ತಿರಸ್ಕಾರ, ಯಾವುದಕ್ಕೆ ವಿವರಣೆ ಸಾಕು, ಯಾವುದಕ್ಕೆ ದಂಡ ಎಂದು, ಓಎಂಆರ್ ಶೀಟಿಗೆ ಮಾಡಿದಂತೆ, ಅಧಿಸೂಚನೆಯಲ್ಲೇ ಅಚ್ಚುಹಾಕಬೇಕು. ತಿರಸ್ಕರಿಸುವ ಮುಂಚೆ ಅಭ್ಯರ್ಥಿಯ ಮೊಬೈಲಿಗೆ ಒಂದು ಸಂದೇಶ, ಉತ್ತರಿಸಲು ಏಳು ದಿನ. ಉತ್ತರಪುಸ್ತಕದ ಗುಟ್ಟಿನ ವಿಷಯದಲ್ಲಿ ಮುಂಚಿನ ನೋಟಿಸು ಬೇಡವೆಂದು 1992ರಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ಸರಿ; ಹುಟ್ಟಿದ ತಾರೀಕಿನ ಒಂದು ಅಂಕಿಗೆ ಆ ಮಾತನ್ನು ಎಳೆದು ತರಬಾರದು. ಹಾಲ್ ಟಿಕೆಟ್ ಬಂತು, ಫಲಿತಾಂಶ ಬಂತು ಎಂದು ತಪ್ಪದೆ ಎಸ್‌ಎಂಎಸ್ ಕಳಿಸುವ ವ್ಯವಸ್ಥೆಗೆ ಇದೇನೂ ಭಾರವಲ್ಲ.

ಈ ಮಾತು ಕೇಳುತ್ತಿರುವವರಲ್ಲಿ ಪರೀಕ್ಷೆಗೆ ಓದುತ್ತಿರುವವರು ಇದ್ದರೆ, ನಿಮಗೊಂದು ಮಾತು. ಅರ್ಜಿ ಹಾಕಿದ ರಾತ್ರಿಯೇ ಅದರ ಪಿಡಿಎಫ್ ಇಳಿಸಿಕೊಂಡು ಅಚ್ಚು ತೆಗೆಸಿ. ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಯನ್ನು ಪಕ್ಕದಲ್ಲಿಟ್ಟು, ನೀವು ಓದಬೇಡಿ, ಅಕ್ಕನಿಗೋ ಗೆಳೆಯನಿಗೋ ಕೊಟ್ಟು ಒಂದೊಂದು ಅಂಕಿಯನ್ನೂ ಗಟ್ಟಿಯಾಗಿ ಓದಿಸಿ. ನಮ್ಮ ತಪ್ಪು ನಮ್ಮ ಕಣ್ಣಿಗೆ ಬೀಳುವುದು ಕಡಿಮೆ. ತಿದ್ದುಪಡಿಯ ಮೂರು ದಿನ ಯಾವಾಗ ಎಂದು ಗೋಡೆಯ ಮೇಲೆ ಬರೆದಿಡಿ. ಆ ದಿನಗಳು ಕಳೆದ ಮೇಲೆ ತಪ್ಪು ಕಂಡರೆ ಸುಮ್ಮನಿರದೆ ಅಂದೇ ಆಯೋಗಕ್ಕೆ ಲಿಖಿತವಾಗಿ ತಿಳಿಸಿ, ಸ್ವೀಕೃತಿಯನ್ನು ಜೋಪಾನ ಮಾಡಿ. ಬಿಹಾರದ ಯುವಕ ಸರಿಯಾದ ದಾಖಲೆಯನ್ನು ತಾನೇ ಮುಂದಿಟ್ಟಿದ್ದ ಎಂಬುದು ಅವನ ಪರವಾಗಿ ನಿಂತಿತು. ತಿರಸ್ಕಾರದ ಪತ್ರ ಬಂದರೆ ಅದರಲ್ಲಿ ಕಾರಣ ಏನು ಬರೆದಿದೆ ಎಂದು ಮೊದಲು ನೋಡಿ, ವಕೀಲರ ಬಳಿ ಹೋಗುವುದಿದ್ದರೆ ಆ ವಾರವೇ ಹೋಗಿ. ನೇಮಕಾತಿ ಆದೇಶಗಳು ಹೊರಡುವ ಮುಂಚೆ ಬಂದ ಅರ್ಜಿಗೂ, ಆಯ್ಕೆಯಾದವರು ಕೆಲಸಕ್ಕೆ ಸೇರಿದ ಮೇಲೆ ಬಂದ ಅರ್ಜಿಗೂ ಹೈಕೋರ್ಟಿನಲ್ಲಿ ಬಹಳ ಅಂತರವಿದೆ.